ಒಂಚೂರು ಉಪ್ಪು

ನಮ್ಮ ಅಗ್ರಹಾರದ ಗಿರಿಜಾಂಬಾ ಅವರಿಗೆ ತಲೆ ಸರಿಯಿಲ್ಲ ಎಂದು ಬೀದಿಯಲ್ಲಿ ಗುಸುಗುಸು ಎದ್ದದ್ದು ಉಪ್ಪಿನ ದೆಸೆಯಿಂದ. ಪಕ್ಕದ ಮನೆಯವಳಾದ ನನಗೆ ಆ ಮಾತು ಕಿವಿಗೆ ಬಿದ್ದಾಗಲೆಲ್ಲ ಮೈ ಉರಿಯುತ್ತಿತ್ತು.

ಸೋಮವಾರ ಬಂದರೆ ಅವರು ಖಾರದ ಹುಗ್ಗಿ ಮಾಡಿ ಶಿವನಿಗೆ ಎಡೆ ಇಡುತ್ತಾರೆ. ಎಡೆಗೆ ಮುಂಚೆ ಯಾರೂ ರುಚಿ ನೋಡುವಂತಿಲ್ಲ, ಕೈಯಳತೆಯೇ ಎಲ್ಲ. ಹೋದ ವರ್ಷ ಜ್ವರದಿಂದ ಎದ್ದ ಹೊಸದರಲ್ಲಿ ಒಮ್ಮೆ ಉಪ್ಪು ಹಾಕುವುದನ್ನೇ ಮರೆತರು. ಅದಾದ ಮೇಲೆ ಪ್ರತಿ ವಾರವೂ ಹುಗ್ಗಿ ಉಪ್ಪುಪ್ಪು. ಪ್ರಸಾದವಲ್ಲವೇ, ನಾವೂ ಕಣ್ಣುಮುಚ್ಚಿ ನುಂಗುತ್ತಿದ್ದೆವು.

"ಎರಡೆರಡು ಸಲ ಹಾಕ್ತೀಯ ಕಣೆ, ನಿನಗೇ ಗೊತ್ತಾಗ್ತಿಲ್ಲ," ಎನ್ನುತ್ತಿದ್ದರು ಗಂಡ ನಂಜುಂಡಸ್ವಾಮಿ. ಡಾಕ್ಟರಿಗೂ ತೋರಿಸಿ ಬಂದರು.

ಪಾಪ, ಅವರು ಉಪ್ಪು ಹಾಕುವಾಗ "ಹಾಕಿದೆ" ಎಂದು ಬಾಯಿಬಿಟ್ಟು ಹೇಳಿಕೊಳ್ಳತೊಡಗಿದರು. ಆದರೂ ಹುಗ್ಗಿಯದು ಅದೇ ಕಥೆ. ಗ್ಯಾಸ್ ಆರಿಸಿದೆನೋ ಇಲ್ಲವೋ ಎಂದು ಬೀದಿಯ ತುದಿಯಿಂದ ಓಡಿ ವಾಪಸ್ಸು ಬರುತ್ತಿದ್ದರು. "ನನ್ನ ಕೈಯನ್ನ ನಾನೇ ನಂಬಂಗಿಲ್ಲ ಕಣಮ್ಮ," ಎಂದು ನನ್ನೆದುರು ಅತ್ತದ್ದೂ ಉಂಟು.

ಕೊನೆಗೆ ನಂಜುಂಡಸ್ವಾಮಿ ತೀರ್ಪು ಕೊಟ್ಟರು: ಮುಂದಿನ ವಾರದಿಂದ ಎಡೆ ಸೊಸೆ ಸಿಂಚನಳದು. ಗಿರಿಜಾಂಬಾ ಒಲೆಯ ಹತ್ತಿರ ಹೋಗಕೂಡದು.

ಆ ಕೊನೆಯ ಸೋಮವಾರ ನಾನು ಬಿಲ್ವಪತ್ರೆ ಕೊಡಲು ಹೋಗಿದ್ದೆ. ಗಿರಿಜಾಂಬಾ ಉಪ್ಪು ಹಾಕಿ ಕಲಕಿದರು. ಮಾಮೂಲಿನಂತೆ ದೇವರ ಕೋಣೆಗೆ ಹೋಗಲಿಲ್ಲ. ಪಾತ್ರೆಯನ್ನು ನಡುಮನೆಗೆ ತಂದಿಟ್ಟು, ನಮ್ಮೆಲ್ಲರ ಕಣ್ಣೆದುರೇ ಒಂದು ತುತ್ತು ಬಾಯಿಗೆ ಹಾಕಿಕೊಂಡರು.

"ಅಯ್ಯಯ್ಯೋ, ಎಂಜಲು ಮಾಡ್ಬುಟ್ಟಲ್ಲೇ!" ಎಂದು ಗಂಡ ಕೂಗಿದರು.

"ಉಪ್ಪು ಸರಿಯಾಗಿದೆ."

"ಸರಿಯಾಗಿರಾದು ಎಂಗೆ? ನಾನಿನ್ನೂ ಹಾಕೇ ಇಲ್ವಲ್ಲ!"

ಸಿಂಚನ ಮಾವನ ಮುಖವನ್ನೇ ನೋಡಿದಳು.

"ನೀನು ಮರ್ತಿರ್ತೀಯ ಅಂತ… ನೀನು ದೇವರ ಕೋಣೇಲಿದ್ದಾಗ… ಒಂಚೂರು ಕಣೆ."

"ಒಂಚೂರು ಅಂದ್ರೆ ಎಷ್ಟು, ತೋರ್ಸಿ."

ಅವರು ಅಂಗೈ ಬಟ್ಟಲು ಮಾಡಿ ತೋರಿಸಿದರು. ಹುಟ್ಟಿದಾಗಿನಿಂದ ಸೌಟು ಹಿಡಿಯದ ಕೈ! ನನಗೆ ನಗುವೂ ಬಂತು, ಆ ಕೈಗೆ ಎರಡು ಬಾರಿಸಬೇಕೆಂದೂ ಅನ್ನಿಸಿತು.

"ಒಳ್ಳೇದಕ್ಕೇ ಮಾಡಿದ್ದು. ಆಗಿದ್ದಾಯ್ತು, ಬೇರೆ ಹುಗ್ಗಿಗಿಡು. ದೇವರಿಗೆ ಹೊತ್ತಾಯ್ತು."

ಗಿರಿಜಾಂಬಾ ಅಲ್ಲೇ ಚಕ್ಕಳಮಕ್ಕಳ ಹಾಕಿ ಕೂತು, ಇನ್ನೊಂದು ತುತ್ತು ತೆಗೆದುಕೊಂಡರು.

"ನನ್ನ ತಲೆ ಸರಿಯಾಗೇ ಇತ್ತು ಅಂತ ಹೊರಗಡೆ ಹೋಗಿ, ಬೀದಿಗೆಲ್ಲ ಕೇಳಂಗೆ ಹೇಳ್ಬುಟ್ಟು ಬನ್ನಿ. ಅಲ್ಲೀತನಕ ಶಿವನೂ ಹಸ್ಕೊಂಡಿರ್ಲಿ."