ಹೆರೆಯದ ತಂತಿಗಳು

ತೊಂಬತ್ತರ ದಶಕದ ಕೊನೆಯಲ್ಲಿ, ಚಳ್ಳಕೆರೆಯಲ್ಲಿ ಮುಚ್ಚಿಹೋಗಿದ್ದ ಎಣ್ಣೆ ಮಿಲ್ಲಿನ ಶೆಡ್ಡೊಂದರಲ್ಲಿ ರಿಮೋಟಿನಿಂದ ಓಡುವ ಆಟಿಕೆ ಜೀಪುಗಳನ್ನು ಮಾಡುತ್ತಿದ್ದರು. ಯಜಮಾನರು ಮೊದಲು ರೇಡಿಯೊ ರಿಪೇರಿ ಮಾಡಿಕೊಂಡಿದ್ದವರು. ತಯಾರಾದ ಪ್ರತಿ ಜೀಪನ್ನೂ ಸಿಮೆಂಟು ನೆಲದ ಮೇಲೆ ಓಡಿಸಿ ನೋಡಿ, ಸರಿಯಿದ್ದರೆ ಡಬ್ಬಿಗೆ ಹಾಕುವುದು ನನ್ನ ಕೆಲಸ.

ಜೀಪಿನೊಳಗಿನ ಸಣ್ಣ ತಾಮ್ರದ ಸುರುಳಿಯನ್ನು ಕೈಯಲ್ಲೇ ಸುತ್ತಬೇಕಿತ್ತು. ಅದನ್ನು ಸುತ್ತುತ್ತಿದ್ದವಳು ಮೊಳಕಾಲ್ಮೂರಿನಿಂದ ದಿನಾ ಬಸ್ಸಿಗೆ ಬರುತ್ತಿದ್ದ ಒಬ್ಬ ಹಿರಿಯ ಹೆಂಗಸು. ಎಲ್ಲರಿಗೂ ಅಕ್ಕ. ಮನೆಯ ಮಗ್ಗ ನಿಂತ ಮೇಲೆ ಇಲ್ಲಿಗೆ ಬಂದಿದ್ದಳು. ರೇಷ್ಮೆ ಎಳೆ ಹಿಡಿದ ಬೆರಳಿಗೆ ಆ ತಂತಿ ಕಷ್ಟವಾಗಲಿಲ್ಲ. ಸುತ್ತಿದ ಮೇಲೆ, ತಂತಿಗೆ ಬಳಿದಿರುವ ಅರಗಿನ ಲೇಪವನ್ನು ತುದಿಯಲ್ಲಿ ಬ್ಲೇಡಿನಿಂದ ಹೆರೆದು ಕೊಡುತ್ತಿದ್ದಳು. ಪಕ್ಕದ ನನ್ನಿವಾಳ ಊರಿನ ಗೆಳತಿಯೊಬ್ಬಳು ಅದಕ್ಕೆ ಬೆಸುಗೆ ಹಾಕುತ್ತಿದ್ದಳು. ನಾವು ಮೂವರೂ ಬುತ್ತಿ ಹಂಚಿಕೊಂಡು ಉಣ್ಣುತ್ತಿದ್ದೆವು.

ಒಂದು ಬೇಸಿಗೆಯಲ್ಲಿ ಜೀಪುಗಳು ಅಂಗಡಿಗಳಿಂದ ವಾಪಸು ಬರತೊಡಗಿದವು. ನಾಲ್ಕು ದಿನ ಓಡಿ ನಿಂತುಬಿಡುತ್ತಿದ್ದವು. ಬಿಚ್ಚಿದರೆ ಬೆಸುಗೆ ಬಿಟ್ಟಿರುತ್ತಿತ್ತು. ಒಂದನ್ನು ಬೆಳಕಿಗೆ ಹಿಡಿದು ನೋಡಿದೆ. ತುದಿಯ ಅರಗು ಹಾಗೇ ಇತ್ತು. ಅದರ ಮೇಲೆ ಬೆಸುಗೆ ನಿಲ್ಲುವುದಿಲ್ಲ. ಅಕ್ಕನನ್ನು ಪಕ್ಕಕ್ಕೆ ಕರೆದು ಕೇಳಿದೆ. ಕಣ್ಣಿಗೆ ಪೊರೆ ಬಂದು ವರ್ಷವಾಯಿತು, ಬೆರಳಲ್ಲಿ ಸವರಿಕೊಂಡೇ ಕೆಲಸ ಮಾಡುತ್ತಿದ್ದೇನೆ ಎಂದಳು.

"ಯಜಮಾನ್ರಿಗೆ ಹೇಳಬ್ಯಾಡ ಅಮ್ಮಾಯಿ. ಮನೇಲಿ ಕೂತ್ರೆ ನಾನು ಸತ್ತಂಗೇ."

ನಾನು ಹೇಳಲಿಲ್ಲ. ಅಂದಿನಿಂದ ಅವಳು ಕೊಟ್ಟ ತುದಿಗಳನ್ನು ಯಾರಿಗೂ ಕಾಣದಂತೆ ನಾನೇ ಮತ್ತೊಮ್ಮೆ ಹೆರೆದಿಡುತ್ತಿದ್ದೆ. ಆದರೆ ಮೊದಲೇ ಹೋಗಿದ್ದ ಜೀಪುಗಳು ಬರುತ್ತಲೇ ಇದ್ದವು. ಒಂದು ಸೋಮವಾರ ಯಜಮಾನರು ಗೆಳತಿಯನ್ನು ಕರೆದು, ಬೆಸುಗೆ ಸರಿಯಿಲ್ಲ, ನಾಳೆಯಿಂದ ಬರಬೇಡ ಎಂದರು. ತನ್ನ ತಪ್ಪೇನೆಂದು ಅವಳು ಎರಡು ಸಲ ಕೇಳಿದಳು. ನಾನು ಐದು ಹೆಜ್ಜೆ ದೂರದಲ್ಲಿ ಜೀಪು ಹಿಡಿದು ಕೂತಿದ್ದೆ. ಅದರ ಚಕ್ರವನ್ನೇ ತಿರುಗಿಸುತ್ತಿದ್ದೆ. ಅಕ್ಕ ತಲೆ ಎತ್ತಲಿಲ್ಲ. ಗೆಳತಿ ಬುತ್ತಿ ಡಬ್ಬಿ ತೆಗೆದುಕೊಂಡು ಹೊರಟುಹೋದಳು.

ಮೂರನೆಯ ದಿನ ಅಕ್ಕನೇ ಯಜಮಾನರ ಮುಂದೆ ಹೋಗಿ ನಿಂತು ತನ್ನ ಕಣ್ಣಿನ ವಿಷಯವನ್ನೆಲ್ಲ ಹೇಳಿದಳು. ಅವರು ಅಂದೇ ಸ್ಕೂಟರಿನಲ್ಲಿ ನನ್ನಿವಾಳಕ್ಕೆ ಹೋಗಿ ಗೆಳತಿಯನ್ನು ಮರಳಿ ಕರೆದರು. ಅವಳು ಬರಲಿಲ್ಲ. ಮುಂದಿನ ತಿಂಗಳು ಅಕ್ಕನನ್ನು ಕಣ್ಣಿನ ಶಿಬಿರಕ್ಕೆ ಕರೆದುಕೊಂಡು ಹೋದರು. ಒಂದು ಕಣ್ಣು ಸರಿಹೋಯಿತು.

ನಾನು ಒಂದು ಭಾನುವಾರ ನನ್ನಿವಾಳಕ್ಕೆ ಹೋದೆ. ಗೆಳತಿ ಅಂಗಳದಲ್ಲಿ ಶೇಂಗಾ ಬಿಡಿಸುತ್ತಿದ್ದಳು. ಅಕ್ಕನ ಕಣ್ಣಿನ ವಿಷಯ ನನಗೆ ಮೊದಲೇ ಗೊತ್ತಿತ್ತು ಎಂದು ಹೇಳಿದೆ. ಅವಳು ಕೈ ನಿಲ್ಲಿಸದೆ ಕೇಳಿದಳು, "ಅಕ್ಕಂಗೆ ಕಣ್ಣು ಕಾಣ್ತಿರಲಿಲ್ಲ, ಸರಿ. ನಿನಗೆ ಕಾಣ್ತಿತ್ತಲ್ಲ?"

ಅವಳು ಒಳಗೆ ಹೋಗಿ ಟೀ ತಂದುಕೊಟ್ಟಳು. ಕುಡಿದು ಬಂದೆ.

ಕೆಲವೇ ವರ್ಷಗಳಲ್ಲಿ ಹೊರದೇಶದ ಅಗ್ಗದ ಆಟಿಕೆ ಕಾರುಗಳು ಅಂಗಡಿ ತುಂಬಿ, ನಮ್ಮ ಶೆಡ್ಡು ಮುಚ್ಚಿತು. ಗೆಳತಿ ಈಗಲೂ ಒಮ್ಮೊಮ್ಮೆ ಸಂತೆಯಲ್ಲಿ ಸಿಗುತ್ತಾಳೆ. ಮೊದಲು "ಬಾರೇ" ಎನ್ನುತ್ತಿದ್ದವಳು, ಆ ಭಾನುವಾರದ ನಂತರ ನನ್ನನ್ನು "ಬರ್ರಿ" ಎಂದೇ ಕರೆಯುತ್ತಾಳೆ.