ತಿಮ್ಮಪ್ಪ ಎದ್ದುಹೋದ ಪೋಷಕರ ಸಭೆ

ಶೃಂಗೇರಿಯ ತ್ರಿಪುರಸುಂದರಿ ಟೀಚರ್ ಮೇಗುಂದದ ಕಡೆಯ ಒಂದು ಸರ್ಕಾರಿ ಶಾಲೆಗೆ ಬಂದು ಹನ್ನೆರಡು ವರ್ಷವಾಗಿತ್ತು. ಪಾಠದಲ್ಲಿ ಅವರನ್ನು ಯಾರೂ ದೂರುವಂತಿರಲಿಲ್ಲ. ಅವರಿಗೆ ಸಾಕುಸಾಕಾಗುತ್ತಿದ್ದದ್ದು ಪೋಷಕರ ಸಭೆ. ಎಷ್ಟು ಚೀಟಿ ಕಳಿಸಿದರೂ ಬರುತ್ತಿದ್ದವರು ಏಳೆಂಟು ಜನ. ಅವರೂ ಹಿಂದಿನ ಬೆಂಚಿನಲ್ಲಿ ಕೂತು, ಟೀ ಕುಡಿದು, ಸಹಿ ಹಾಕಿ ಹೋಗುವವರು.

೨೦೦೪ರ ಆಗಸ್ಟ್‌ನಲ್ಲಿ ಟೀಚರ್ ಹಟ ಹಿಡಿದರು. ಅಪ್ಪನೋ ಅಮ್ಮನೋ ಬರಲೇಬೇಕೆಂದು ಆರನೇ ತರಗತಿಯ ಮಕ್ಕಳಿಗೆಲ್ಲ ತಾಕೀತು ಮಾಡಿದರು. ಇಪ್ಪತ್ತಮೂರು ಜನ ಬಂದರು. ಅವರಲ್ಲೊಬ್ಬನಾದ ತಿಮ್ಮಪ್ಪ ಶಾಲೆಯ ಮೆಟ್ಟಿಲು ಹತ್ತಿದ್ದು ಅದೇ ಮೊದಲು. ಅವನಿಗೆ ಓದು ಬರಹ ಬಾರದು. ಗದ್ದೆಯಲ್ಲಿ ಭತ್ತದ ಸಸಿ ನೆಡುವ ನಟ್ಟಿ ಕೆಲಸ ಅರ್ಧಕ್ಕೆ ಬಿಟ್ಟು, ಕೈಕಾಲು ತೊಳೆದು, ಮದುವೆಮನೆಗೆ ಹಾಕುವ ಬಿಳಿ ಅಂಗಿ ತೊಟ್ಟು ಬಂದಿದ್ದ. ಪಕ್ಕದಲ್ಲಿ ಮಗಳು ಸೌಂದರ್ಯಾ. ಜಗಲಿಯಲ್ಲಿ ನೆರೆಮನೆಯ ನಾಗಪ್ಪನಿಗೆ ಅವನು ಹೇಳುತ್ತಿದ್ದುದು ಟೀಚರ್ ಕಿವಿಗೂ ಬಿತ್ತು.

"ನಮ್ಮ ಹುಡುಗಿ ಲೆಕ್ಕದಲ್ಲಿ ಮುಂದಂತೆ ಮಾರಾಯ. ಅವಳೇ ಹೇಳಿದ್ಲು."

ಎಲ್ಲರೆದುರು ಹೆಸರು ಕೂಗಿ ಅಂಕ ಓದುವುದು ಅಲ್ಲಿನ ರೂಢಿ. ಟೀಚರ್ ಕೇಳಿಸಿಕೊಂಡದ್ದನ್ನು ಮರೆತು ಓದುತ್ತ ಹೋದರು.

"ಸೌಂದರ್ಯಾ. ಗಣಿತ, ನೂರಕ್ಕೆ ಹನ್ನೊಂದು. ಮನೇಲಿ ಸ್ವಲ್ಪ ಗಮನ ಕೊಡಬೇಕು ನೀವು."

ನಾಗಪ್ಪ ಕಿಸಕ್ಕನೆ ನಕ್ಕ. ಅವನ ಹಿಂದೆ ಮತ್ತಿಬ್ಬರು. ತಿಮ್ಮಪ್ಪ ಮಗಳ ಮುಖ ನೋಡಿದ. ಬೈಯಲಿಲ್ಲ, ಗದರಲಿಲ್ಲ. ಅವಳ ಕೈ ಹಿಡಿದುಕೊಂಡು ಎದ್ದು ಹೊರಟೇಬಿಟ್ಟ. ಟೀಚರ್ ಮುಂದಿನ ಹೆಸರು ಓದಿದರು.

ಮರುದಿನ ಸೌಂದರ್ಯಾ ಬರಲಿಲ್ಲ. ವಾರವಾದರೂ ಸುಳಿವಿಲ್ಲ. ಟೀಚರ್ ಕೊಡೆ ಹಿಡಿದು, ಗದ್ದೆಯ ಅಂಚಿನಲ್ಲಿ ಜಾರುತ್ತ ಅವರ ಮನೆಗೆ ಹೋದರು. ತಿಮ್ಮಪ್ಪ ಮಣೆ ಹಾಕಿ ಕೂರಿಸಿದ. ಹೆಂಡತಿ ಭೈರಮ್ಮ ಕಾಫಿ ತಂದಿಟ್ಟಳು.

"ತಪ್ಪು ನಂದು ತಿಮ್ಮಪ್ಪನವರೇ. ಹುಡುಗೀನ ಕಳಿಸಿ."

"ನಿಮ್ಮ ತಪ್ಪು ಎಂತದೂ ಇಲ್ಲ ಟೀಚರೆ. ಇದ್ದಿದ್ದನ್ನ ಓದಿದ್ರಿ."

"ದಿನಾ ಸಂಜೆ ನಾನೇ ಕೂರಿಸಿಕೊಂಡು ಹೇಳಿಕೊಡ್ತೀನಿ."

"ಅವಳು ಸುಳ್ಳು ಹೇಳಿದ್ದು ನಂಗೆ ಖುಷಿಯಾಗ್ಲಿ ಅಂತ. ಅದಕ್ಕೆ ನಾಕು ಜನ ನಗಾಡಿದ್ರಲ್ಲ... ಈಗ ಅವಳೇ ಬರಲ್ಲ ಅಂತಾಳೆ. ಎಳ್ಕಂಡು ಬರ್ಲಾ ಹೇಳಿ?"

ಹುಡುಗಿ ಕೊಟ್ಟಿಗೆಯಿಂದ ಹೊರಗೆ ಬರಲೇ ಇಲ್ಲ. ಎರಡನೇ ಸಲ ಟೀಚರ್ ಕೊಟ್ಟಿಗೆಯ ಬಾಗಿಲಿಗೇ ಹೋಗಿ, "ಬಾ ಪುಟ್ಟಿ, ಯಾರೂ ಏನೂ ಅನ್ನಲ್ಲ" ಎಂದು ಕರೆದರು.

ಸೌಂದರ್ಯಾ ಸಗಣಿ ಬುಟ್ಟಿ ಕೆಳಗಿಟ್ಟಳು. "ಅವತ್ತು ದಾರಿ ತುಂಬ ಅಪ್ಪ ಒಂದ್ ಮಾತೂ ಆಡ್ಲಿಲ್ಲ ಟೀಚರ್."

ಟೀಚರ್ ಅವತ್ತೂ ಒಬ್ಬರೇ ಮರಳಿದರು. ಮೂರನೇ ಸಲ ಹೆಡ್‌ಮಾಸ್ತರು ಸೀತಾರಾಮರನ್ನು ಕರೆದೊಯ್ದರು. ಅದೇ ಮಣೆ, ಅದೇ ಕಾಫಿ, ಅದೇ ಉತ್ತರ.

ಅಲ್ಲಿಂದಾಚೆ ಟೀಚರ್ ಸಭೆ ನಡೆಸುವ ರೀತಿಯನ್ನೇ ಬದಲಿಸಿದರು. ನಟ್ಟಿ, ಕೊಯ್ಲಿನ ಸಮಯ ಬಿಟ್ಟು, ಊರವರನ್ನೇ ಕೇಳಿ ದಿನ ಗೊತ್ತುಮಾಡಿದರು. ಒಬ್ಬೊಬ್ಬರನ್ನೇ ಒಳಗೆ ಕರೆದು, ಅದೇ ಬೆಂಚಿನಲ್ಲಿ ಪಕ್ಕಕ್ಕೆ ಕೂತು, ಮಗುವಿಗೆ ಬರುವುದನ್ನು ಮೊದಲು ಹೇಳಿ ಬಾರದ್ದನ್ನು ಆಮೇಲೆ ಹೇಳಿದರು. ಒಬ್ಬರ ಅಂಕ ಇನ್ನೊಬ್ಬರಿಗೆ ತಿಳಿಯಲಿಲ್ಲ. ಎರಡು ವರ್ಷದಲ್ಲಿ ಜಗಲಿ ತುಂಬಿ ಅಂಗಳದಲ್ಲೂ ಜನ ಕಾಯುವಂತಾಯಿತು. ತಿಮ್ಮಪ್ಪ, ಸೌಂದರ್ಯಾ ಮಾತ್ರ ಶಾಲೆಯ ಕಡೆ ಸುಳಿಯಲಿಲ್ಲ.

೨೦೦೭ರಲ್ಲಿ ಕೊಪ್ಪದ ಶಿಕ್ಷಕರ ತರಬೇತಿಯಲ್ಲಿ ಈ ಬಗ್ಗೆ ಮಾತಾಡಲು ಅವರನ್ನು ಕರೆದರು. ನರಸಿಂಹರಾಜಪುರದಿಂದ ಬಂದಿದ್ದ ಹೊಸ ಶಿಕ್ಷಕಿ ತನ್ಮಯಿ, "ಇದೆಲ್ಲ ನಿಮಗೆ ಹೇಗೆ ಹೊಳೀತು ಮೇಡಂ?" ಎಂದು ಕೇಳಿದಳು. ಟೀಚರ್ ಹೇಳಲೆಂದು ಬಾಯಿ ತೆರೆದರು. ಎದುರಿಗೆ ಅರವತ್ತು ಜನ. ಅಷ್ಟು ಜನರ ಮುಂದೆ ಆ ಹುಡುಗಿಯ ಹೆಸರೆತ್ತಲು ಮನಸ್ಸು ಬರಲಿಲ್ಲ. "ಅನುಭವದಿಂದ" ಎಂದಷ್ಟೇ ಹೇಳಿ ಕೂತರು. ಚಪ್ಪಾಳೆ ಬಿತ್ತು.

ಮರುವರ್ಷದ ಜೂನ್‌ನಲ್ಲಿ ತಿಮ್ಮಪ್ಪನ ಕಿರಿಮಗಳು ಅರ್ಪಿತಾ ಒಂದನೇ ತರಗತಿಗೆ ಸೇರಿದಳು. ದಿನವೂ ಗೇಟಿನ ತನಕ ತಂದು ಬಿಡುತ್ತಿದ್ದವಳು ಸೌಂದರ್ಯಾ. ತಂಗಿಯ ಚೀಲ ಹೆಗಲಿಗೇರಿಸಿ, ಜಡೆ ಸರಿಮಾಡಿ ಕಳಿಸುತ್ತಿದ್ದಳು.

"ಒಳಗೆ ಬಾರೇ" ಎಂದು ಟೀಚರ್ ಒಂದು ಬೆಳಿಗ್ಗೆ ಕರೆದರು.

"ಬ್ಯಾಡ ಟೀಚರ್, ಗದ್ದೇಲಿ ಕೆಲ್ಸ ಇದೆ" ಎಂದಳು. ಸಿಟ್ಟಿನಿಂದಲ್ಲ, ನಗುನಗುತ್ತಲೇ. ಟೀಚರ್ ಅರ್ಪಿತಾಳನ್ನು ಕರೆದುಕೊಂಡು ತರಗತಿಗೆ ಹೋದರು.