ಅಪ್ಪಣೆ ಕೇಳದವರ ಸಂದಿ

ಮರ್ಯಾದೆಯಿಂದ ಮಾತಾಡಬೇಡಿ ಎಂದು ನಮಗೆ ಬುದ್ಧಿ ಹೇಳಿದ್ದು ಕೆ.ಆರ್. ಪೇಟೆಯ ಒಬ್ಬ ವಕೀಲರು. ಅದಕ್ಕೆ ಫೀಸನ್ನೂ ತೆಗೆದುಕೊಂಡರು.

ಮಾಕವಳ್ಳಿ ಕಡೆಯ ನಮ್ಮ ಹಳ್ಳಿಯಲ್ಲಿ, ನಮ್ಮ ಮನೆಗೂ ಪಕ್ಕದ ಮನೆಗೂ ನಡುವೆ ಒಂದು ಸಂದಿಯಿದೆ. ಜಾಗ ಅವರದು, ಓಡಾಡುವ ದನ ನಮ್ಮವು. ಕೊಟ್ಟಿಗೆ ಹಿತ್ತಲಲ್ಲಿರುವುದರಿಂದ ದನಗಳು ಬೀದಿಗೆ ಬರಲು ಬೇರೆ ದಾರಿಯಿಲ್ಲ. ಬೇಕೆಂದರೆ ನಮ್ಮ ನಡುಮನೆಯಲ್ಲಿ ಟೀವಿ ಮುಂದೆ ಹಾದು ಬರಬೇಕು. ನಾನು ಪಾಂಡವಪುರದಿಂದ ಸೊಸೆಯಾಗಿ ಬರುವ ಎಷ್ಟೋ ಮೊದಲಿನಿಂದ ಅತ್ತೆ ಆ ಸಂದಿಯಲ್ಲೇ ದನ ಹೊಡೆದುಕೊಂಡು ಹೋಗುತ್ತಿದ್ದರು, ಅವರಿಗಿಂತ ಮುಂಚೆ ಅವರ ಅತ್ತೆ. ಪಕ್ಕದ ಮನೆಯಾಕೆಯನ್ನು ನಾನು ಚಿಕ್ಕಮ್ಮ ಅನ್ನುತ್ತಿದ್ದೆ. ಸಂಬಂಧವೇನಿರಲಿಲ್ಲ, ಆದರೆ ದಿನಾ ನಮ್ಮ ಮನೆಯಿಂದ ಅವರಿಗೆ ಒಂದು ಚೊಂಬು ಮಜ್ಜಿಗೆ ಹೋಗುತ್ತಿತ್ತು.

ಹೀಗಿರುವಾಗ ಚಿಕ್ಕಮ್ಮನಿಗೆ ಮನೆ ಅಳಿಯ ಬಂದ. ಅವನಿಗೆ ಹಿತ್ತಲ ಬಚ್ಚಲು ಹಿಡಿಸಲಿಲ್ಲ. ಸಂದಿಯಲ್ಲಿ ಅಟ್ಯಾಚ್ ಬಾತ್‌ರೂಮು ಕಟ್ಟಿಸುತ್ತೇನೆಂದು ಒಂದು ಟ್ರಾಕ್ಟರು ಕಲ್ಲು ತಂದು ಮನೆ ಮುಂದೆ ಸುರಿದ.

"ದನ ಮಾರ್ಬುಟ್ಟು ನಾನೇನ್ ಮಾಡ್ಲವ್ವಾ? ನಿನ್ ಮೊಕ ನೋಡ್ಕಂಡ್ ಕೂತಿರ್ಲಾ?" ಎಂದು ಅತ್ತೆ ನನ್ನನ್ನೇ ಕೇಳಿದರು. ನನ್ನ ಮುಖದ ಬಗ್ಗೆ ಅವರ ಅಭಿಪ್ರಾಯ ಅವತ್ತು ತಿಳಿಯಿತು. ಆದರೆ ಹಾಗೆಂದವರು ಮಧ್ಯಾಹ್ನ ಊಟಕ್ಕೇ ಏಳಲಿಲ್ಲ. ಕೊಟ್ಟಿಗೆಯಲ್ಲಿ ಹಸುವಿನ ಕೊರಳಡಿಯ ಗಂಗೆದೊಗಲು ನೇವರಿಸುತ್ತಾ ಕೂತುಬಿಟ್ಟರು. ನನಗೆ ನಿಜಕ್ಕೂ ಭಯವಾಯಿತು.

ಕೋರ್ಟಿಗೆ ಹೋದೆವು. ವಕೀಲರು ಬಿಡಿಸಿ ಹೇಳಿದರು: "ನೋಡಿ, ಕೇಳಿಕೊಂಡು ಓಡಾಡಿದ್ದರೆ ಅದು ಅವರ ದಯೆ. ದಯೆಯನ್ನು ಯಾವಾಗ ಬೇಕಾದರೂ ವಾಪಸು ತಗೋಬಹುದು. ಯಾರನ್ನೂ ಕೇಳದೆ ರಾಜಾರೋಷವಾಗಿ ಇಪ್ಪತ್ತು ವರ್ಷ ಓಡಾಡಿದ್ದರೆ ಅದು ಹಕ್ಕು. ಇನ್ನು ಮೇಲೆ ಅಪ್ಪಿತಪ್ಪಿಯೂ 'ಹೋಗ್ಲಾ' ಅಂತ ಕೇಳಬೇಡಿ. ಮಜ್ಜಿಗೆನೂ ನಿಲ್ಲಿಸಿ. ದಾರಿಗೆ ಬಾಡಿಗೆ ಕೊಟ್ಟ ಹಾಗೆ ಕಾಣುತ್ತೆ."

ಅಳಿಯನಿಗೂ ಒಬ್ಬ ವಕೀಲರಿದ್ದರಲ್ಲ, ಅವರು ಇದನ್ನೇ ತಿರುಗಿಸಿ ಹೇಳಿಕೊಟ್ಟಿರಬೇಕು. ಮಾರನೆಯ ದಿನದಿಂದ ಅತ್ತೆ ದನ ಹೊಡೆದುಕೊಂಡು ಬರುವ ಹೊತ್ತಿಗೆ ಚಿಕ್ಕಮ್ಮ ಜಗಲಿಯ ಮೇಲೆ, ಪಕ್ಕದಲ್ಲಿ ವಿಡಿಯೋ ಮಾಡಲು ಮೊಬೈಲು ಹಿಡಿದ ಅಳಿಯ.

"ಓಗಕ್ಕ, ಓಗು. ನಾ ಬ್ಯಾಡ ಅಂದಿದ್ದೀನಾ? ನಾನೇ ಏಳ್ತಾವ್ನಿ, ಧಾರಾಳ್ವಾಗಿ ಓಗು."

"ಓಗು ಅನ್ನಕ್ಕೆ ನೀನ್ಯಾರಮ್ಮಿ? ನಿನ್ ಕೇಳ್ದೋರ್ಯಾರು?"

ಬೀದಿಯವರಿಗೆ ಕಾನೂನು ಗೊತ್ತೇ? ಅಷ್ಟು ಒಳ್ಳೆಯ ಮಾತಾಡುವವಳ ಮೇಲೆ ಹೀಗೆ ಹರಿಹಾಯುತ್ತಾಳಲ್ಲ ಎಂದು ಊರೆಲ್ಲ ಅತ್ತೆಗೆ ಛೀಮಾರಿ ಹಾಕಿತು. ನನಗೋ ಮಜಾ ಬರುತ್ತಿತ್ತು. ವಕೀಲರ ಸಲಹೆಯ ಮೇರೆಗೆ ಬಾಯಿ ಮಾಡುವ ಭಾಗ್ಯ ಎಷ್ಟು ಜನ ಸೊಸೆಯಂದಿರಿಗೆ ಸಿಗುತ್ತದೆ? ಅತ್ತೆ ಇಲ್ಲದಾಗ ನಾನೇ ದನ ಹೊಡೆದುಕೊಂಡು ಹೋಗಿ, ಯಾರೂ ಏನೂ ಅನ್ನದಿದ್ದರೂ "ನಿಮ್ಮನ್ನ ಕೇಳ್ಲಿಲ್ಲ" ಎಂದು ಕೂಗಿ ಬರುತ್ತಿದ್ದೆ. ಅತ್ತೆ ಮಾತ್ರ ಪ್ರತಿ ಸಲ ಬೈದು ಬಂದ ಮೇಲೆ ಸೆರಗಿನಿಂದ ಮೂಗು ಒರೆಸಿಕೊಳ್ಳುತ್ತಿದ್ದರು. ಮಜ್ಜಿಗೆ ಮಿಕ್ಕು ಹುಳಿಯಾಗಿ ದನದ ಕಲಗಚ್ಚಿಗೆ ಸೇರುತ್ತಿತ್ತು.

ವರ್ಷ ಕಳೆದು ಸಾಕ್ಷಿ ಹೇಳುವ ದಿನ ಬಂತು. ಚಿಕ್ಕಮ್ಮ ಕಟಕಟೆ ಹತ್ತಿದರು. ನಮ್ಮ ವಕೀಲರು ಎದ್ದು, "ಇವರು ದನ ಹೊಡೆದುಕೊಂಡು ಹೋಗುವಾಗ ನಿಮ್ಮನ್ನು ಕೇಳುತ್ತಿದ್ದರಾ?" ಎಂದರು. ಹೌದು ಅಂದರೆ ನಮ್ಮ ಕತೆ ಮುಗಿಯಿತು. ಮೊದಲ ಸಾಲಿನಲ್ಲಿದ್ದ ಅಳಿಯ ಜೋರಾಗಿ ತಲೆಯಾಡಿಸುತ್ತಿದ್ದ. ಚಿಕ್ಕಮ್ಮ ಅವನನ್ನು ಬಿಟ್ಟು ಅತ್ತೆಯನ್ನು ನೋಡಿದರು.

"ಕೇಳಾದಾ? ಇವ್ಳಾ? ನಾನು ಮದ್ವೆ ಆಗ್ ಬಂದಾಗಿಂದ ನೋಡ್ತಾವ್ನಿ ಸ್ವಾಮಿ, ಒಂದಿನ ಕೇಳ್ದೋಳಲ್ಲ. ಅವ್ರತ್ತೆನೂ ಅಂಗೇಯಾ. ತಮ್ಮಪ್ಪನ್ ಮನೆ ರಸ್ತೆ ಅನ್ನಂಗೆ ಓಯ್ತಾಳೆ. ಮಾನ ಮರ್ವಾದೆ ಇಲ್ದ ಜನ!"

ಅಳಿಯನ ತಲೆ ನಿಂತಲ್ಲೇ ನಿಂತಿತು. ನಮ್ಮ ವಕೀಲರು ಇನ್ನೊಂದು ಪ್ರಶ್ನೆ ಕೇಳದೆ ಕೂತರು. ಆದರೆ ನನ್ನ ಪಕ್ಕದಲ್ಲಿ ಅತ್ತೆ ಧಡಕ್ಕನೆ ಎದ್ದರು. ತುಂಬಿದ ಕೋರ್ಟಿನಲ್ಲಿ ಅಂಥ ಮಾತು ಕೇಳಿಸಿಕೊಂಡು ಸುಮ್ಮನಿರುವ ಜೀವವಲ್ಲ ಅದು. "ಸುಳ್ಳು! ನಾನು..." ಎಂದು ಬಾಯಿ ತೆರೆದಿದ್ದರು, ಅಷ್ಟರಲ್ಲಿ ಸೀರೆ ಹಿಡಿದೆಳೆದು ಕೂರಿಸಿ ತೊಡೆ ಚಿವುಟಿದೆ. ಆ ಚಿವುಟು ಕೇಸಿಗೆ ಬೇಕಾದದ್ದಕ್ಕಿಂತ ಸ್ವಲ್ಪ ಜೋರಾಗಿಯೇ ಇತ್ತು.

ವಾಪಸು ಬರುವ ಬಸ್ಸಿನಲ್ಲಿ ಅತ್ತೆ ತೊಡೆ ನೀವಿಕೊಳ್ಳುತ್ತಾ ಗೊಣಗಿದರು: "ಅವ್ಳು ಮದ್ವೆ ಆಗ್ ಬಂದ್ ಒಸ್ದ್ರಲ್ಲಿ ದಿನಾ ಕೇಳಿದ್ದೀನಿ ಕಣವ್ವ. ಒಸಬಳು, ಬೇಜಾರ್ ಮಾಡ್ಕಂಡಾಳು ಅಂತ. ಅವ್ಳೇ ನಗಾಡ್ಕಂಡು, ಅದೇನಕ್ಕ ದಿನಾ ಕೇಳೀಯೆ ಅಂದಿದ್ಲು. ಎಲ್ಲಾ ಮರ್ತ್ಬುಟ್ಟವ್ಳೆ."

ನನಗೆ ಅನುಮಾನ ಹುಟ್ಟಿದ್ದು ಆಗಲೇ. ಅಷ್ಟು ಸುಲಭವಾಗಿ ಏನನ್ನಾದರೂ ಮರೆಯುವ ಹೆಂಗಸಲ್ಲ ಚಿಕ್ಕಮ್ಮ.

ಸಂದಿಯಲ್ಲಿ ದನ ಹೋಗುವ ಹಕ್ಕು ನಮ್ಮದೆಂದು ತೀರ್ಪಾಯಿತು. ಅವತ್ತೇ ಅತ್ತೆಗೆ ಹೇಳದೆ ಒಂದು ಚೊಂಬು ಮಜ್ಜಿಗೆ ತೆಗೆದುಕೊಂಡು ಪಕ್ಕದ ಮನೆಗೆ ಹೋದೆ. "ಕೋರ್ಟಲ್ಲಿ ಬೇಕಂತಲೇ ಹಂಗಂದ್ರಾ ಚಿಕ್ಕಮ್ಮ?" ಎಂದೆ.

ಅವರು ನಿಂತ ನಿಲುವಿನಲ್ಲೇ ಅರ್ಧ ಚೊಂಬು ಕುಡಿದರು. "ಕೇಳ್ತಿದ್ಲು ಅಂತ ನಿಜ ಏಳಿದ್ರೆ ಅವ್ಳ ದನ ಎಲ್ಗವ್ವ ಓಗವು? ಸ್ನಾನದ ಮನೆ ಇಲ್ದೆ ಯಾರೂ ಸತ್ತಿಲ್ಲ." ಬಾಯಿ ಒರೆಸಿಕೊಂಡು ಮತ್ತೆ ಹೇಳಿದರು: "ಅಲ್ದೆ, ವರ್ಸೊಪ್ಪತ್ತೂ ನನ್ನ ಬೀದೀಲಿ ನಿಲ್ಸಿ ಬೈದ್ಲಲ್ಲ. ನಾನೂ ಒಂದ್ಸಲ ಜಡ್ಜ್ ಸಾಯೇಬ್ರ ಮುಂದೆ ಬೈಬ್ಯಾಡ್ವಾ?"

ಅತ್ತೆಗೆ ಇದನ್ನು ಹೇಳಿದೆ. ಮಾರನೆಯ ಬೆಳಿಗ್ಗೆ ದನ ಬಿಚ್ಚಿಕೊಂಡು ಹೊರಟವರು ಸಂದಿಯ ಬಾಯಲ್ಲಿ ನಿಂತುಬಿಟ್ಟರು. ಚಿಕ್ಕಮ್ಮ ಜಗಲಿಯ ಮೇಲೆ ಸೊಪ್ಪು ಸೋಸುತ್ತಿದ್ದರು. ಅತ್ತೆ ಸೆರಗು ಹೊದ್ದು, ಹೊಸ ನೆಂಟರ ಮನೆಗೆ ಬಂದವರ ಹಾಗೆ ಕೇಳಿದರು: "ಓಗ್ಲೇನಮ್ಮಿ?"

ಚಿಕ್ಕಮ್ಮ ಒಮ್ಮೆ ಮನೆಯೊಳಗೆ ಇಣುಕಿ ನೋಡಿದರು.

"ಮೆಲ್ಲುಕ್ ಕೇಳಕ್ಕ. ಅಳಿಯ ಎದ್ದವ್ನೆ. ಅಪೀಲ್ಗೆ ಓಗ್ಬುಟ್ಟಾನು."